ಗೋಮರ್ ಕೆತ್ತಿದ ಕೈಗಳು

ಅಮೆರಿಕದ ಸಾಲ್ಟ್ ಲೇಕಿನ ದೇವಾಲಯದ ಗೋಡೆಯಲ್ಲಿ ಅರ್ಥವಿಲ್ಲದೆ ಸುಮ್ಮನೆ ಕೂತ ಕಲ್ಲು ಕಡಿಮೆ. ಬುಡದಲ್ಲಿ ಭೂಮಿ, ಅದರ ಮೇಲೆ ಬೆಳೆಯುವ ಕರಗುವ ಚಂದ್ರ, ಆಮೇಲೆ ಸೂರ್ಯ, ಪಡುವಣ ಗೋಪುರದಲ್ಲಿ ದಾರಿ ತಪ್ಪಿದವರಿಗೆ ಉತ್ತರ ದಿಕ್ಕು ತೋರಿಸುವ ನಕ್ಷತ್ರಗಳು. ಮೂವತ್ತು ವರ್ಷದಿಂದ ಕಟ್ಟುತ್ತಲೇ ಇದ್ದರು. ಶುರು ಮಾಡಿದವರಲ್ಲಿ ಎಷ್ಟೋ ಜನ ಮಣ್ಣು ಸೇರಿದ್ದರು. ವೇಲ್ಸಿನಿಂದ ಬಂದ ಕಲ್ಲುಕುಟಿಗ ಗೋಮರನ ಪಾಲಿಗೆ ಬಂದದ್ದು ಒಂದನ್ನೊಂದು ಹಿಡಿದ ಎರಡು ಬಲಗೈಗಳು. ಹಿಡಿದ ಕೈ ಬಿಡೆವು, ಕೊಟ್ಟ ಮಾತಿಗೆ ತಪ್ಪೆವು ಎಂದು ಅದರ ಅರ್ಥ.

ಮಾದರಿಗೆಂದು ಅವನು ಕಿರಿಯ ಹೆಂಡತಿ ಕಿರ್ಸ್ಟೀನಳ ಕೈ ಹಿಡಿದು, ಎಡಗೈಯಲ್ಲಿ ಸೊಟ್ಟಪಟ್ಟ ಚಿತ್ರ ಬರೆದುಕೊಂಡಿದ್ದ.

"ಬೇಗ ಮುಗಿಸ್ರೀ, ಒಲೆ ಮೇಲೆ ಗಂಜಿ ಸೀದು ಹೋಗ್ತಿದೆ."

"ಸೀದ್ರೆ ನಾನೇ ತಿಂತೀನಿ. ನೀನು ಕೈ ಬಿಡ್ಬೇಡ."

ದೇವಾಲಯ ಕಟ್ಟುತ್ತಿದ್ದ ಪಂಥದಲ್ಲಿ ಒಬ್ಬನಿಗೆ ಹಲವು ಹೆಂಡಿರಿರುವುದು ರೂಢಿ; ಆದರೆ ಇಬ್ಬರು ಹೆಂಡಿರಿದ್ದವರನ್ನು ಸರ್ಕಾರ ಹುಡುಕಿ ಹುಡುಕಿ ಜೈಲಿಗೆ ತಳ್ಳುತ್ತಿದ್ದ ಕಾಲ ಅದು. ಕಿರಿಯ ಹೆಂಡತಿಯರು ಬೇರೆಯವರ ಮನೆಯಲ್ಲಿ ಬೇರೆ ಹೆಸರಿಟ್ಟುಕೊಂಡು ಬದುಕುತ್ತಿದ್ದರು. ಯಾರು ಏನು ಕೇಳಿದರೂ "ಗೊತ್ತಿಲ್ಲ" ಅನ್ನಬೇಕೆಂದು ಎಳೆಯ ಮಕ್ಕಳಿಗೂ ಕಲಿಸಿಟ್ಟಿದ್ದರು.

ಒಂದು ಮಧ್ಯಾಹ್ನ, ತುಂಬಿದ ಬಸುರಿ ಕಿರ್ಸ್ಟೀನ್ ಕಲ್ಲಿನ ಅಂಗಳಕ್ಕೆ ರೊಟ್ಟಿ ತಂದಿದ್ದಾಗಲೇ, ಇಂಥವರನ್ನು ಹಿಡಿಯುವ ಸರ್ಕಾರಿ ಅಧಿಕಾರಿ ಮಾರ್ಷಲ್ ಬಂದುಬಿಟ್ಟ. ಉಳಿಗಳೆಲ್ಲ ನಿಂತವು.

"ಈ ಹೆಂಗಸು ಯಾರು ನಿಂಗೆ?"

ಗೊತ್ತಿಲ್ಲ ಅಂದಿದ್ದರೆ ಮುಗಿದಿತ್ತು. ಕಿರ್ಸ್ಟೀನಳೂ ಅದನ್ನೇ ಕಾಯುತ್ತಿದ್ದಳು. ಆದರೆ ಪುಣ್ಯಾತ್ಮನ ಪುಕ್ಕಲುತನ ಅಷ್ಟಕ್ಕೆ ಸುಮ್ಮನಿರಬೇಕಲ್ಲ!

"ಯಾರಿಗ್ಗೊತ್ತು ಸ್ವಾಮಿ. ಗಂಡಸ್ರಿದ್ದ ಕಡೆ ಬುಟ್ಟಿ ಹಿಡ್ಕೊಂಡು ಬರೋರು ಬೇಕಾದಷ್ಟು ಜನ."

"ಹೊಟ್ಟೇಲಿರೋದು?"

"ಅದು ಯಾರದ್ದು ಅಂತ ಅವಳಿಗೇ ಗೊತ್ತಿದ್ರೆ ದೊಡ್ಡದು" ಎಂದು ಗೋಮರ್ ನಕ್ಕುಬಿಟ್ಟ. ಮಾರ್ಷಲನೂ ನಕ್ಕ. ಥೂ, ನೆನೆದರೆ ಇವತ್ತಿಗೂ ಮೈ ಉರಿಯುತ್ತದೆ.

ಕಿರ್ಸ್ಟೀನ್ ಬುಟ್ಟಿಯನ್ನು ಮೇಸ್ತ್ರಿ ಅಂಗಸನ ಕೈಗೆ ಕೊಟ್ಟು ಹೊರಟುಹೋದಳು. ಮಾರ್ಷಲ್ ಮರೆಯಾದ ಮೇಲೆ ಅಂಗಸ್ ಬುಟ್ಟಿ ಕೆಳಗಿಟ್ಟ.

"ಗೊತ್ತಿಲ್ಲ ಅಂದಿದ್ರೆ ಸಾಕಾಗಿತ್ತಲ್ಲೋ."

"ನಾನು ಒಳಗೆ ಹೋದ್ರೆ ಈ ಕಲ್ಲು ಯಾರಣ್ಣಾ ಮುಗಿಸ್ತಿದ್ರು? ದೇವರ ಮನೆ ಕೆಲಸ ಅಂತ..."

"ನಿನ್ನ ಬಾಯಿಗೆ ದೇವರನ್ನ ಎಳೀಬೇಡ."

ಆ ರೊಟ್ಟಿಯನ್ನು ಯಾರೂ ಮುಟ್ಟಲಿಲ್ಲ. ಗೋಮರನಿಗೆ ನಾಚಿಕೆಯಿಂದ ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು. ಆಮೇಲೆ ಕಿರ್ಸ್ಟೀನ್ ಇದ್ದ ಮನೆಯ ಬಾಗಿಲಿಗೆ ಎಷ್ಟು ಸಲ ಹೋದರೂ "ಮಲಗಿದ್ದಾಳೆ" ಎಂಬ ಉತ್ತರವೇ ಸಿಕ್ಕಿತು. ಕಲ್ಲು ಮುಗಿದು ಮೇಲೇರಿತು. ಬೆರಳುಗಳಿಗೆ ಜೀವ ಬಂದ ಹಾಗಿದೆ ಎಂದು ಜನ ಕತ್ತೆತ್ತಿ ನೋಡಿದರು. ಅವನೊಬ್ಬನಿಗೆ ಕತ್ತೆತ್ತಲಾಗಲಿಲ್ಲ.

ಹೆಣ್ಣು ಮಗು ಹುಟ್ಟಿತು. ತಿಂಗಳಿಗೊಮ್ಮೆ ಉಪವಾಸವಿದ್ದು ಸೇರುವ ಸಭೆಯಲ್ಲಿ ಹಿರಿಯರು ಸುತ್ತ ನಿಂತು, ತಂದೆ ಮಗುವನ್ನು ಎತ್ತಿಕೊಂಡು ಎಲ್ಲರೆದುರು ಹೆಸರು ಹೇಳಿ ಹರಸುವುದು ಅಲ್ಲಿಯ ಪದ್ಧತಿ. ಗೋಮರ್ ಒಳ್ಳೆಯ ಕೋಟು ಹಾಕಿಕೊಂಡು, ಮಗುವಿಗೆ ಇಡಬೇಕೆಂದಿದ್ದ ತನ್ನ ತಾಯಿಯ ಹೆಸರನ್ನು ಮನಸ್ಸಿನಲ್ಲೇ ಹೇಳಿಕೊಳ್ಳುತ್ತ ಬಂದಿದ್ದ. ಬಾಗಿಲ ಬಳಿ ಗುರುತಿಲ್ಲದ ಗಂಡಸೊಬ್ಬ ಕೂತಿದ್ದ. ಮಾರ್ಷಲನ ಕಡೆಯವನೇ ಇರಬಹುದು. ಇದ್ದರೆ ಇರಲಿ, ಜೈಲಾದರೆ ಆಗಲಿ, ಇವತ್ತು ಎಲ್ಲರೆದುರು ನನ್ನ ಮಗಳು ಅನ್ನುತ್ತೇನೆ ಎಂದು ಅವನು ಗಟ್ಟಿಮನಸ್ಸು ಮಾಡಿ ಎದ್ದೇಬಿಟ್ಟ.

ಕಿರ್ಸ್ಟೀನ್ ಮಗುವನ್ನೆತ್ತಿಕೊಂಡು ಮುಂದೆ ಬಂದಳು. ಅವನ ಎದುರೇ ಹಾದು ಅಂಗಸನ ಬಳಿ ನಿಂತಳು.

"ಅಂಗಸಣ್ಣಾ, ನೀವೇ ಎತ್ಕೊಳ್ಳಿ. ಇದಕ್ಕೆ ಅಪ್ಪ ಇಲ್ಲ."

ಅವಳ ದನಿಯಲ್ಲಿ ಸಿಟ್ಟಿರಲಿಲ್ಲ. ಅಂಗಸ್ ಒಮ್ಮೆ ಗೋಮರನನ್ನು ನೋಡಿ, ಮಗುವಿಗೆ ಕೈ ಚಾಚಿದ. ಗೋಮರ್ "ನಾನು..." ಎಂದು ಬಾಯಿ ತೆರೆದ.

ಪಕ್ಕದ ಮುದುಕಿ ಕೋಟಿನ ತುದಿ ಜಗ್ಗಿದಳು. "ಕೂತ್ಕೊಳ್ಳಪ್ಪಾ, ಹಿಂದಿನವರಿಗೆ ಕಾಣಲ್ಲ."

ಅವನು ಕೂತ. ಅಂಗಸ್ ಹೆಸರು ಹೇಳಿ ಹರಸುವಾಗ ಅವನ ಕಿವಿಯಲ್ಲಿ ಗುಂಯ್ ಎನ್ನುತ್ತಿತ್ತು. ಎಲ್ಲರೂ ಆಮೆನ್ ಅಂದಾಗ ಅವನೂ ಆಮೆನ್ ಅಂದ. ಆಮೇಲೆ ಮುದುಕಿಯ ಕಡೆ ಬಾಗಿ ಮೆಲ್ಲಗೆ ಕೇಳಿದ:

"ಮಗೂಗೆ ಏನು ಹೆಸರಿಟ್ರಜ್ಜೀ?"