ಉಶ್ಮಾಲಿನಲ್ಲಿ ಬಂದ ನಗು

ಮೆರಿಡಾ ಊರಿನ ಹೋಟೆಲಿನಲ್ಲಿ ಅನ್ನಪೂರ್ಣವ್ವ ನಸುಕಿಗೇ ಎದ್ದು ಮಿಂದು, ಕೊರಳಿನ ಲಿಂಗವನ್ನು ಎಡ ಅಂಗೈಯಲ್ಲಿಟ್ಟುಕೊಂಡು ಪೂಜೆ ಮುಗಿಸಿದಳು. ನಲ್ಲಿಯ ನೀರು ಮೆಕ್ಸಿಕೊದ್ದಾದರೇನು, ಲಿಂಗದ ಮೇಲೆ ಬಿದ್ದ ಮೇಲೆ ಅದು ತೀರ್ಥವೇ. ಹಣೆಗೆ ವಿಭೂತಿ ಎಳೆದುಕೊಂಡು, ಸೆರಗು ಸುತ್ತಿಕೊಂಡು, ಎಲ್ಲರಿಗಿಂತ ಮೊದಲು ಕೆಳಗಿಳಿದು ಬಾಗಿಲಲ್ಲಿ ಕೂತಳು. ಅರವತ್ತೊಂದು ವರ್ಷದಲ್ಲಿ ಅವಳಿಗಾಗಿಯೇ ಅಂತ ಒಂದು ಪ್ರವಾಸ ಯಾರೂ ಮಾಡಿರಲಿಲ್ಲ. ಮಾಯಾ ಜನರು ಕಟ್ಟಿದ ಸಾವಿರ ವರ್ಷದ ಗುಡಿಗಳಂತೆ; ಬೇರೆ ಪ್ರವಾಸಿಗರಿಲ್ಲದೆ ತಮ್ಮ ಮನೆಯವರಿಗೆ ಮಾತ್ರ ಒಂದು ವ್ಯಾನು, ತಮಗೆ ಮಾತ್ರ ಒಬ್ಬ ಗೈಡು.

“ಅಕ್ಕನಿಗೆ ಬಸ್ಸಿನವರ ಜೊತೆ ಓಡೋಕಾಗಲ್ಲ, ಅವರ ಸ್ಪೀಡಿನಲ್ಲೇ ನೋಡ್ಲಿ” ಎಂದು ರಕ್ಷಿತಾಳೇ ಬುಕ್ ಮಾಡಿದ್ದಳು. ರಕ್ಷಿತಾ ಅನ್ನಪೂರ್ಣವ್ವನ ತಮ್ಮ ಓಂಪ್ರಕಾಶನ ಹೆಂಡತಿ, ಬೆಂಗಳೂರಿನವಳು. ಓಂಪ್ರಕಾಶ ಲಾಸ್ ಏಂಜಲೀಸಿನ ರೆಡೊಂಡೊ ಬೀಚಿನಲ್ಲಿ ಉಪಗ್ರಹ ಮಾಡುವ ಕಂಪನಿಯೊಂದರಲ್ಲಿ ಎಂಜಿನಿಯರು. ನವೆಂಬರ್ ಕೊನೆಯ ಥ್ಯಾಂಕ್ಸ್‌ಗಿವಿಂಗ್ ರಜೆ ಬಂದಿತ್ತು. ಸ್ಯಾನ್ ಡಿಯೇಗೊ ತನಕ ಡ್ರೈವ್ ಮಾಡಿ, ಕಾರು ಪಾರ್ಕ್ ಮಾಡಿ, ಒಂದು ಉದ್ದನೆಯ ಸೇತುವೆಯನ್ನು ನಡೆದು ದಾಟಿದರೆ ಆಚೆ ತುದಿಯಲ್ಲೇ ಮೆಕ್ಸಿಕೊದ ವಿಮಾನ ನಿಲ್ದಾಣ. ಈ ಕಡೆ ಒಂದು ದೇಶ, ಆ ಕಡೆ ಒಂದು ದೇಶ, ನಡುವೆ ನಾನೂರು ಹೆಜ್ಜೆ. ಅನ್ನಪೂರ್ಣವ್ವ ಎಣಿಸಿದ್ದಳು.

ಅವರ ತಾಯಿ ತೀರಿಕೊಂಡಾಗ ಓಂಪ್ರಕಾಶನಿಗೆ ಐದು ವರ್ಷ, ಅವಳಿಗೆ ಇಪ್ಪತ್ತು. ನೋಡಲು ಬಂದ ಗಂಡುಗಳನ್ನೆಲ್ಲ, “ಈ ಕೂಸು ಒಂದು ದಡಕ್ಕ ಹತ್ತಲಿ” ಎಂದು ತಿರುಗಿಸಿ ಕಳಿಸಿದಳು. ಕೂಸು ದಡ ಹತ್ತುವಷ್ಟರಲ್ಲಿ ಬೈಲಹೊಂಗಲದ ಹತ್ತಿರದ ಹಳ್ಳಿಯ ಮನೆ ಅವನ ಓದಿಗೆ ಹೋಗಿತ್ತು, ಅವಳ ತಲೆಗೂದಲು ಬೆಳ್ಳಗಾಗಿತ್ತು. ಮಗಳು ಗಗನಾ ಹುಟ್ಟಿದ ಮರುವರ್ಷ, ಎರಡು ಸಾವಿರದ ಎಂಟರಲ್ಲಿ, ಅವನು ಅಕ್ಕನನ್ನು ಕರೆಸಿಕೊಂಡ. ಅಂದಿನಿಂದ ವರ್ಷಕ್ಕೆ ಆರು ತಿಂಗಳು ವಿಸಿಟರ್ ವೀಸಾದ ಮೇಲೆ ರೆಡೊಂಡೊ ಬೀಚಿನಲ್ಲಿ. ಇನ್ನಾರು ತಿಂಗಳು ಧಾರವಾಡದಲ್ಲಿ ದೊಡ್ಡಪ್ಪನ ಮಗ ಬಾಳಾಸಾಹೇಬನ ಮನೆಯ ಹಿಂದಿನ ಕೋಣೆಯಲ್ಲಿ, ಮುಂದಿನ ಟಿಕೆಟ್ಟಿನ ದಾರಿ ಕಾಯುತ್ತ. ಈ ಸಲ ಆಗಸ್ಟಿನಲ್ಲಿ ಬಂದಿದ್ದಳು. ಫೆಬ್ರುವರಿ ತನಕ ಇರಬಹುದಿತ್ತು.

ಗೈಡು ಫೆಲಿಪೆ ಐವತ್ತರ ಆಸುಪಾಸಿನ, ಗಿಡ್ಡ ಮೈಕಟ್ಟಿನ ಮನುಷ್ಯ. ವ್ಯಾನೂ ಅವನೇ ಓಡಿಸುತ್ತಿದ್ದ. ಗಂಡ ಹೆಂಡತಿ ನಡುವಿನ ಸೀಟಿನಲ್ಲಿ, ಅನ್ನಪೂರ್ಣವ್ವ ಗಗನಾ ಹಿಂದಿನ ಸೀಟಿನಲ್ಲಿ. ಹುಡುಗಿ ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಅತ್ತೆಯ ತೊಡೆಯ ಮೇಲೆ ತಲೆಯಿಟ್ಟಿದ್ದಳು.

ಊರು ದಾಟಿ ಕುರುಚಲು ಕಾಡು ಶುರುವಾದಾಗ ರಕ್ಷಿತಾ ಇಂಗ್ಲಿಷಿನಲ್ಲಿ ಕೇಳಿದಳು. ಆ ಮನೆಯಲ್ಲಿ ಅಕ್ಕನ ಎದುರು ಅಕ್ಕನ ವಿಷಯ ಮಾತಾಡುವುದಿದ್ದರೆ ಅದು ಇಂಗ್ಲಿಷಿನಲ್ಲೇ. ಕೋಣೆಯ ಬಾಗಿಲು ಹಾಕುವ ಶ್ರಮ ಹನ್ನೊಂದು ವರ್ಷದಿಂದ ಉಳಿದಿತ್ತು.

“ಅವರಿಗೆ ಯಾವಾಗ ಹೇಳುತ್ತೀರಿ?”

“ಭಾನುವಾರ. ಮನೆಗೆ ಹೋದ ಮೇಲೆ.”

“ಟಿಕೆಟ್ ಇರುವುದು ಡಿಸೆಂಬರ್ ಎರಡಕ್ಕೆ. ಪ್ಯಾಕ್ ಮಾಡಲು ಒಂದು ವಾರವಾದರೂ ಬೇಡವೆ?”

“ಪ್ಯಾಕ್ ಮಾಡಲು ಅವಳ ಹತ್ತಿರ ಏನಿದೆ?”

“ಒನ್ ವೇ ಅಂತ ಗೊತ್ತಾದರೆ?”

“ಗೊತ್ತಾಗುವುದಿಲ್ಲ. ಈ ಸಲ ಸ್ವಲ್ಪ ಬೇಗ ಹೋಗು, ಪ್ರತಿ ಸಲದ ಹಾಗೆ ಆಗಸ್ಟಿಗೆ ಕರೆಸಿಕೊಳ್ಳುತ್ತೇನೆ ಎನ್ನುತ್ತೇನೆ. ಇಳಿದ ಮೇಲೆ ಬಾಳಾಸಾಹೇಬ ನಿಧಾನಕ್ಕೆ ಹೇಳುತ್ತಾನೆ. ಅವನ ಹೆಂಡತಿಗೂ ಸಾಕಾಗಿದೆ. ವೃದ್ಧಾಶ್ರಮದವರು ಒಂದು ಹಾಸಿಗೆ ಹಿಡಿದಿಟ್ಟಿದ್ದಾರೆ, ಒಳ್ಳೆಯ ಜನ.”

“ಗಗನಾ?”

“ಹನ್ನೆರಡು ವರ್ಷ ಅವಳಿಗೆ. ಮಿಡ್ಲ್ ಸ್ಕೂಲು. ಎರಡು ತಿಂಗಳಿಗೆ ಮರೆಯುತ್ತಾಳೆ.”

ರಕ್ಷಿತಾ ಕಿಟಕಿಯಾಚೆ ನೋಡಿದಳು. “ಪಾಪ. ಇವತ್ತೊಂದು ದಿನ ಖುಷಿಯಾಗಿರಲಿ ಬಿಡಿ.”

ಓಂಪ್ರಕಾಶ ಹಿಂದೆ ತಿರುಗಿ, ಕನ್ನಡದಲ್ಲಿ, “ಅಕ್ಕಾ, ಎ.ಸಿ. ಭಾಳ ಥಂಡಿ ಆಗಾಕತ್ತೈತೇನು?” ಎಂದ.

“ಇಲ್ಲಪ್ಪಾ. ಬೇಷೈತಿ.”

ಅವಳ ಕೈ ಗಗನಾಳ ಕೂದಲಿನ ಮೇಲೆ ಆಡುವುದನ್ನು ನಿಲ್ಲಿಸಿತ್ತು. ಅಷ್ಟೆ. ಎದುರಿನ ಪುಟ್ಟ ಕನ್ನಡಿಯಲ್ಲಿ ಫೆಲಿಪೆಯ ಕಣ್ಣು ಒಮ್ಮೆ ಅವಳ ಮುಖದ ಮೇಲೆ ನಿಂತು ಮತ್ತೆ ರಸ್ತೆಗೆ ಹೋಯಿತು.

ಇಂಗ್ಲಿಷು ಅವಳಿಗೆ ಬಂದದ್ದು ಕೂಸಿಗೆ ಬಂದ ಹಾಗೆಯೇ, ಕೂಸಿನ ಜೊತೆಯಲ್ಲೇ. ಗಗನಾ ತೊಟ್ಟಿಲಿನಲ್ಲಿದ್ದಾಗ ಟಿವಿಯ ಗೊಂಬೆಗಳು ಹೇಳಿಕೊಟ್ಟದ್ದನ್ನು ಇಬ್ಬರೂ ಕೇಳಿದರು. ಮೂರು ವರ್ಷದವಳನ್ನು ಲೈಬ್ರರಿಗೆ ಕತೆ ಕೇಳಲು ಕರೆದೊಯ್ದಾಗ ಹಿಂದಿನ ಗೋಡೆಗೊರಗಿ ಇವಳೂ ಕೇಳಿದಳು. ಕೂಸು ಮಾತು ಕಲಿತು ಇಂಗ್ಲಿಷಿನಲ್ಲೇ ಉತ್ತರ ಕೊಡತೊಡಗಿತು. ಇವಳು ಕನ್ನಡದಲ್ಲಿ ಕೇಳುವುದು, ಅದು ಇಂಗ್ಲಿಷಿನಲ್ಲಿ ಹೇಳುವುದು, ಹೀಗೇ ನಡೆಯಿತು. ಇಂಗ್ಲಿಷು ಬರುತ್ತದೆಯೇ ಎಂದು ಯಾರೂ ಕೇಳಲಿಲ್ಲವಾಗಿ ಮೊದಲು ಹೇಳಲಿಲ್ಲ. ಆಮೇಲೆ ಹೇಳುವ ಹಾಗಿರಲಿಲ್ಲ. ಅವಳು ಸಾರಿಗೆ ಹಾಕುವ ಖಾರದಿಂದ ಹಿಡಿದು ಬಚ್ಚಲಿನಲ್ಲಿ ತೆಗೆದುಕೊಳ್ಳುವ ಹೊತ್ತಿನ ತನಕ ಎಷ್ಟೋ ಮಾತು ಕಿವಿಯ ಮೇಲೆ ಬಿದ್ದಿದ್ದವು. ಕೇಳಿಸಿತು ಎಂದು ಒಪ್ಪಿಕೊಂಡರೆ ಉತ್ತರ ಕೊಡಬೇಕಾಗುತ್ತದೆ. ಉತ್ತರ ಕೊಟ್ಟ ಮನೆಯಲ್ಲಿ ಉಳಿಯುವುದು ಕಷ್ಟ. ಶಿವನಿಗೆ ಒಪ್ಪಿಸಿ ಸುಮ್ಮನಿದ್ದಳು. ಆದರೆ ಹಾಸಿಗೆ ಹಿಡಿದಿಟ್ಟಿದ್ದಾರೆ ಎಂಬ ಮಾತು ಇವತ್ತಿನದು. ಅದನ್ನು ಶಿವನ ಮುಂದಿಡಲು ಇನ್ನೂ ಕೈ ಬಂದಿರಲಿಲ್ಲ.

ಉಶ್ಮಾಲ್ ಎಂಬುದು ಆ ಹಾಳು ಊರಿನ ಹೆಸರು. ಒಳಗೆ ಕಾಲಿಡುತ್ತಲೇ ಎದುರಿಗೆ ಬೂದು ಕಲ್ಲಿನ ದೊಡ್ಡ ಗೋಪುರ, ಮೂಲೆಗಳೇ ಇಲ್ಲದೆ ಮೊಟ್ಟೆಯ ಹಾಗೆ ದುಂಡಗೆ. ಅನ್ನಪೂರ್ಣವ್ವ ಚಪ್ಪಲಿ ಬಿಟ್ಟಳು.

“ಅಕ್ಕಾ, ಇದು ಗುಡಿ ಅಲ್ಲ, ಮ್ಯೂಸಿಯಮ್ ಇದ್ದಂಗ. ಕಾಲು ಸುಡತೈತಿ, ಹಾಕ್ಕೋ” ಎಂದ ಓಂಪ್ರಕಾಶ.

“ಪೂಜಿ ನಿಂತರೇನಾತು? ದೇವರು ಮನಿ ಬಿಟ್ಟು ಹೋಗ್ಯಾನಂತ ನಿನಗ ಫೋನ್ ಮಾಡ್ಯಾನೇನು?”

ಗಗನಾ ಕಿಲಕಿಲ ನಕ್ಕಳು. ಫೆಲಿಪೆ ಏನೆಂದು ಕೇಳಿ, ಹುಡುಗಿ ಹೇಳಿದ ಮೇಲೆ, ತಾನೂ ಟೋಪಿ ತೆಗೆದ.

“ಇಷ್ಟೆಲ್ಲ ಕಟ್ಟಿ ಆ ಮಾಯಾ ಜನರು ಎಲ್ಲಿ ಮಾಯವಾದರು?” ಎಂದು ಓಂಪ್ರಕಾಶ ಇಂಗ್ಲಿಷಿನಲ್ಲಿ ಕೇಳಿದ.

“ಅವರಲ್ಲೊಬ್ಬ ಬೆಳಿಗ್ಗೆ ಏಳಕ್ಕೆ ನಿಮ್ಮ ಹೋಟೆಲಿಗೆ ವ್ಯಾನು ತಂದ, ಸರ್” ಎಂದ ಫೆಲಿಪೆ ನಗುತ್ತ. ಓಂಪ್ರಕಾಶನೂ ನಕ್ಕ, ತುಸು ತಡವಾಗಿ.

ಗೋಡೆಯ ತುಂಬ ಸೊಂಡಿಲಿನಂಥ ಮೂಗಿನ ಕಲ್ಲಿನ ಮುಖಗಳು. ಮಳೆಯ ದೇವರು, ಈ ಸೀಮೆಯಲ್ಲಿ ಹೊಳೆಯಿಲ್ಲ, ಆಕಾಶ ಕೊಟ್ಟಷ್ಟೇ ನೀರು ಎಂದು ಫೆಲಿಪೆ ಹೇಳುತ್ತಿದ್ದ. “ಅತ್ತೆಗೆ ಟ್ರಾನ್ಸ್‌ಲೇಟ್ ಮಾಡು ಪುಟ್ಟಿ” ಎಂದು ರಕ್ಷಿತಾ ಮಗಳಿಗೆ ಕೆಲಸ ವಹಿಸಿದ್ದಳು. ಗಗನಾ ಅತ್ತೆಯ ಕಿವಿಯಲ್ಲಿ ಪಿಸುಗುಡುವಳು, ಅತ್ತೆ ತಲೆಯಾಡಿಸುವಳು. ಪಿಸುಗುಡುತ್ತಿದ್ದದ್ದು ಯಾವ ಭಾಷೆಯೆಂದು ಯಾರೂ ಹತ್ತಿರ ಬಂದು ಕೇಳಿರಲಿಲ್ಲ.

“ನಮ್ಮೂರಾಗೂ ಮಳಿ ಹೋದರ ಗುರ್ಜಿ ಆಡತಿದ್ದಿವಿ” ಎಂದಳು ಅನ್ನಪೂರ್ಣವ್ವ. “ಹಂಚಿನ ಮ್ಯಾಲೆ ಸಗಣಿ ಗುರ್ಜಿ ಕುಂಡ್ರಿಸಿ ತಲಿ ಮ್ಯಾಲೆ ಹೊತ್ಕೊಂಡು ಮನಿಮನಿಗೆ ಹೋದರ, ಕೊಡ ಕೊಡ ನೀರು ಸುರೀತಿದ್ರು. ನಿಮ್ಮಪ್ಪಗ ನೆಗಡಿ ಆಗತೈತಂತ ಅಂವನ ಪಾಳಿನೂ ನಾನ ಹೊರತಿದ್ದೆ.”

ಗೋಪುರದ ನೆರಳಿನಲ್ಲಿ ಫೆಲಿಪೆ ಎಲ್ಲರನ್ನೂ ಕೂರಿಸಿ ಆ ಜಾಗದ ಕತೆ ಹೇಳಿದ. ಮಕ್ಕಳಿಲ್ಲದ ಒಬ್ಬ ಮುದುಕಿ ಒಂದು ಮೊಟ್ಟೆಯನ್ನು ಬಟ್ಟೆಯಲ್ಲಿ ಸುತ್ತಿ ಬೆಚ್ಚಗಿಟ್ಟಳು. ಅದರಿಂದ ಒಂದು ಗಂಡು ಕೂಸು ಬಂತು. ಅದು ಬೆಳೆದು, ರಾಜನ ಜೊತೆ ಪಂಥ ಕಟ್ಟಿ, ಒಂದೇ ರಾತ್ರಿಯಲ್ಲಿ ಈ ಗೋಪುರ ಎಬ್ಬಿಸಿ, ತಾನೇ ರಾಜನಾಯಿತು.

“ಈ ಕತೆ ನನಗೆ ಹೇಳಿದ್ದು ನನ್ನಜ್ಜಿ” ಎಂದು ಅವನು ಮುಂದುವರಿಸಿದ. “ಅಜ್ಜಿಗೆ ಮಾಯಾ ಭಾಷೆಯೊಂದೇ ಬರುವುದು, ಸ್ಪ್ಯಾನಿಷ್ ಬರುವುದಿಲ್ಲ ಎಂದು ಮನೆಯವರೆಲ್ಲ ತಿಳಿದಿದ್ದರು. ನನ್ನಮ್ಮ ಪಟ್ಟಣದವಳು. ದಿನಾ ಬೇಲಿಯ ಹತ್ತಿರ ನಿಂತು ನೆರೆಯವಳಿಗೆ ಸ್ಪ್ಯಾನಿಷಿನಲ್ಲಿ, ‘ಈ ಮುದುಕಿ ಕುದುರೆಯ ಹಾಗೆ ತಿನ್ನುತ್ತಾಳೆ, ನೂರು ವರ್ಷ ಸಾಯುವುದಿಲ್ಲ ನೋಡು’ ಎನ್ನುವಳು. ಅಜ್ಜಿ ಅಲ್ಲೇ ಕೂತು ಕಾಳು ಆರಿಸುವಳು. ತೊಂಬತ್ತು ತುಂಬಿದ ದಿನ ಪಾದ್ರಿ ಬಂದು, ಏನು ಆಸೆ ತಾಯಿ ಎಂದು ಕೇಳಿದರು. ಅಜ್ಜಿ ಗಂಟೆ ಬಾರಿಸಿದಂಥ ಸ್ಪ್ಯಾನಿಷಿನಲ್ಲಿ ಹೇಳಿದಳು: ‘ಇನ್ನು ಹತ್ತು ವರ್ಷ ಕೊಡಿಸಿ, ಫಾದರ್. ನೂರು ಅಂತ ಸೊಸೆ ಊರಿಗೆಲ್ಲ ಮಾತು ಕೊಟ್ಟಿದ್ದಾಳೆ. ಅವಳ ಮಾತು ಸುಳ್ಳಾಗಬಾರದು.’ ”

ಅನ್ನಪೂರ್ಣವ್ವ ನಕ್ಕಳು.

ಗಗನಾ ಇನ್ನೂ ಬಾಯಿ ತೆರೆದಿರಲಿಲ್ಲ. ನಗು ಹೊಟ್ಟೆಯಿಂದ ಎದ್ದು, ಭುಜ ಕುಣಿದು, ಸೆರಗನ್ನು ಬಾಯಿಗೆ ಒತ್ತಿಕೊಂಡರೂ ನಿಲ್ಲದೆ, ಕಣ್ಣಲ್ಲಿ ನೀರು ತಂದಿತು. ಫೆಲಿಪೆಯೂ ನಕ್ಕ. ಆಮೇಲೆ ನಗುತ್ತಿರುವವರು ತಾವಿಬ್ಬರೇ ಎಂಬುದು ಅವಳಿಗೆ ತಿಳಿಯಿತು.

ರಕ್ಷಿತಾಳ ಕೈಯಲ್ಲಿದ್ದ ನೀರಿನ ಬಾಟಲಿ ಅರ್ಧಕ್ಕೇ ನಿಂತಿತ್ತು. ಓಂಪ್ರಕಾಶನ ಮುಖದಿಂದ ಬಣ್ಣ ಇಳಿಯುತ್ತಿತ್ತು.

“ಅಕ್ಕಾ… ನಿನಗ ತಿಳೀತೇನು?”

ಅವಳು ಸೆರಗಿನಿಂದ ಕಣ್ಣೊರೆಸಿಕೊಂಡಳು. ಗಗನಾ ಅಪ್ಪನನ್ನು ವಿಚಿತ್ರವಾಗಿ ನೋಡಿ, ತನ್ನ ಇಂಗ್ಲಿಷಿನಲ್ಲಿ ಅಂದಳು: “ಡ್ಯಾಡ್, ಅತ್ತೆ ಹತ್ತಿರ ನಾನು ಇಷ್ಟು ವರ್ಷ ಯಾವ ಭಾಷೆಯಲ್ಲಿ ಮಾತಾಡ್ತಿದ್ದೆ ಅಂದುಕೊಂಡಿದ್ದೀರಿ?”

ಹತ್ತಿರದ ಕಲ್ಲಿನ ಮೇಲೆ ಬಿಸಿಲು ಕಾಯುತ್ತಿದ್ದ ದೊಡ್ಡ ಓತಿಯೊಂದು ತಲೆಯೆತ್ತಿ ನೋಡಿ ಸಂದಿಯೊಳಗೆ ಹೋಯಿತು. ಹನ್ನೊಂದು ವರ್ಷದ ಊಟದ ಮೇಜುಗಳು, ಕಾರಿನ ಪ್ರಯಾಣಗಳು, ಅಡುಗೆಮನೆಯ ಮಾತುಗಳು ಒಂದೊಂದಾಗಿ ಗಂಡಹೆಂಡಿರ ಮುಖದ ಮೇಲೆ ಹಾದುಹೋಗುವುದನ್ನು ಅನ್ನಪೂರ್ಣವ್ವ ನೋಡಿದಳು. ಅವರಿಗಾಗಿ ಅವಳಿಗೇ ನಾಚಿಕೆಯಾಯಿತು.

ಊಟದ ಜಾಗದಲ್ಲಿ ರಕ್ಷಿತಾ ಅವಳ ತಟ್ಟೆಗೆ ಬೀನ್ಸು, ಅನ್ನ, ಆವಕಾಡೊ ಬಡಿಸಿದಳು. “ಅಕ್ಕ, ವ್ಯಾನಲ್ಲಿ ನಾವು ಮಾತಾಡಿದ್ದು… ಅದು ಹಾಗಲ್ಲ.”

“ನೀ ಹೆಂಗ ಮಾತಾಡಿದ್ದಿ, ನಾ ಹಂಗ ಕೇಳೀನಿ ತಂಗಿ. ಊಟ ಮಾಡು, ಆರಿ ಹೋಗತೈತಿ.”

“ಕೋಪ ಮಾಡ್ಕೊಳ್ಳಿ ಬೇಕಾದ್ರೆ. ಬೈದುಬಿಡಿ.”

“ಬೈದರ ನಿನಗ ಹಗುರಾಗತೈತಿ. ನನಗೇನಾಗತೈತಿ?”

ಓಂಪ್ರಕಾಶ ಚಮಚದಿಂದ ತಟ್ಟೆ ಕೆರೆಯುತ್ತಿದ್ದ. ತಲೆಯೆತ್ತದೆ, “ನೋಡೂಣು ಅಕ್ಕಾ. ಇನ್ನೂ ಏನೂ ಫೈನಲ್ ಆಗಿಲ್ಲ. ಟಿಕೆಟ್ ಬದ್ಲಿ ಮಾಡಬಹುದು. ವಿಚಾರ ಮಾಡೂಣು” ಎಂದ.

ನೋಡೋಣ ಎಂಬ ಮಾತಿನ ಮೇಲೆ ಮನುಷ್ಯ ಎಷ್ಟು ದಿನ ಬದುಕಬಲ್ಲ ಎಂಬುದು ದೇವರಿಗೇ ಗೊತ್ತು. ಅನ್ನಪೂರ್ಣವ್ವ ಅದರ ಮೇಲೆ ಆ ಮಧ್ಯಾಹ್ನವನ್ನೂ, ಆ ಸಂಜೆಯನ್ನೂ ಕಳೆದಳು. ಬೀಳ್ಕೊಡುವಾಗ ಫೆಲಿಪೆ, “ಸೆನ್ಯೋರಾ, ನನ್ನ ಕತೆಯಿಂದ ತೊಂದರೆಯಾಯಿತೆ?” ಎಂದು ಮೆಲ್ಲಗೆ ಕೇಳಿದ. ಅವಳು ಕೈ ಮುಗಿದಳು. ಆ ಕತೆಯನ್ನು ಅವನು ಎಲ್ಲ ಪ್ರವಾಸಿಗರಿಗೂ ಹೇಳುತ್ತಿದ್ದನೋ, ಕನ್ನಡಿಯಲ್ಲಿ ಕಂಡದ್ದಕ್ಕೆ ಅವತ್ತೇ ಹೇಳಿದನೋ ಅವಳು ಕೇಳಲಿಲ್ಲ. ಮರುದಿನ ಬೆಳಗಿನ ಪೂಜೆಯಲ್ಲಿ ಅಂಗೈಯ ಲಿಂಗವನ್ನು ನೋಡುತ್ತ ಹೆಚ್ಚೇನೂ ಬೇಡಲಿಲ್ಲ. ತಮ್ಮನ ಬಾಯಿಂದ ಇರು ಎಂಬ ಒಂದು ಮಾತು ಬರಲಿ ಎಂದಳು, ಅಷ್ಟೆ.

ಮಧ್ಯಾಹ್ನದ ಮುಂಚೆ ಅದೇ ಸೇತುವೆ. ಈ ಸಲ ಅಮೆರಿಕದ ಕಡೆಗೆ. ನಾಲ್ವರೂ ಒಟ್ಟಿಗೇ ಗಾಜಿನ ಕಿಟಕಿಯ ಮುಂದೆ ನಿಂತರು. ಮೂವರ ಅಮೆರಿಕದ ಪಾಸ್‌ಪೋರ್ಟಿನ ತಪಾಸಣೆ ಬೇಗ ಮುಗಿಯಿತು. ಅನ್ನಪೂರ್ಣವ್ವನದನ್ನು ಅಧಿಕಾರಿ ಪುಟ ಪುಟವಾಗಿ ತಿರುವಿದ. ವರ್ಷವರ್ಷದ ಠಸ್ಸೆಗಳು.

“ಇವರು ಇನ್ನೆಷ್ಟು ದಿನ ಇರುತ್ತಾರೆ?” ಎಂದು ಅವನು ಓಂಪ್ರಕಾಶನನ್ನು ಕೇಳಿದ.

ಓಂಪ್ರಕಾಶ ಗಂಟಲು ಸರಿಮಾಡಿಕೊಂಡ. ಫೆಬ್ರುವರಿ ತನಕ ಎಂದರೆ ಸಾಕಿತ್ತು, ಅಷ್ಟು ದಿನದ ಪರವಾನಗಿ ಕಾಗದದಲ್ಲೇ ಇತ್ತು. ಅನ್ನಪೂರ್ಣವ್ವ ಕಾದಳು. ಹಿಂದಿನ ಸಾಲಿನಲ್ಲಿ ಯಾರದೋ ಸೂಟ್‌ಕೇಸಿನ ಗಾಲಿ ಕಿರುಗುಟ್ಟಿತು. ಅಧಿಕಾರಿ ಪೆನ್ನಿನಿಂದ ಮೇಜು ತಟ್ಟಿದ. ಆಗ ಅವಳು ಸೆರಗು ಸರಿಮಾಡಿಕೊಂಡು ಒಂದು ಹೆಜ್ಜೆ ಮುಂದೆ ಬಂದು, ತನ್ನ ತಮ್ಮನೆದುರು ಮೊದಲ ಸಲ ಆ ಭಾಷೆಯಲ್ಲಿ ಬಾಯಿ ತೆರೆದಳು.

“ಸೆಕೆಂಡ್ ಡಿಸೆಂಬರ್, ಸರ್. ಒನ್ ವೇ. ನಾಟ್ ಕಮಿಂಗ್ ಬ್ಯಾಕ್.”

ಅಧಿಕಾರಿ ತಲೆಯೆತ್ತಿದ. ಅವಳನ್ನು ನೋಡಿ, ಆಮೇಲೆ ಓಂಪ್ರಕಾಶನನ್ನು ನೋಡಿದ. “ಹೌದೆ ಸರ್?”

ಅವಳೂ ತಮ್ಮನನ್ನು ನೋಡಿದಳು. ಇಲ್ಲ ಎನ್ನಲು ಎರಡಕ್ಷರ ಸಾಕಿತ್ತು. ಯಾವ ಭಾಷೆಯಾದರೂ ಆಗುತ್ತಿತ್ತು.

“ಯೆಸ್” ಎಂದ ಓಂಪ್ರಕಾಶ.

ಪಾಸ್‌ಪೋರ್ಟು ಗಾಜಿನ ಕೆಳಗಿನಿಂದ ಜಾರಿ ಬಂತು. ಅದನ್ನು ಎತ್ತಿಕೊಂಡಾಗ, ನಿನ್ನೆಯಿಂದ ಕಿವಿಯ ತನಕ ಏರಿದ್ದ ಓಂಪ್ರಕಾಶನ ಭುಜಗಳು ಸಾವಕಾಶವಾಗಿ ಕೆಳಗಿಳಿದವು. ರಕ್ಷಿತಾ ಉಸಿರು ಬಿಟ್ಟದ್ದೂ ಕೇಳಿಸಿತು. ಹೇಳಬೇಕಾದ ಮಾತನ್ನು ಅಕ್ಕನೇ ಹೇಳಿ ಮುಗಿಸಿದ್ದಳು. ಭಾನುವಾರಕ್ಕೆ ಇನ್ನು ಕೆಲಸವೇ ಉಳಿದಿರಲಿಲ್ಲ.

“ನಡಿ ಅಕ್ಕಾ, ಕಾರು ಇಲ್ಲೇ ಸಮೀಪ ನಿಲ್ಲಿಸೀನಿ” ಎಂದ. ಎಷ್ಟೋ ದಿನಗಳಿಂದ ಅವನ ದನಿ ಅಷ್ಟು ಹಗುರಾಗಿರಲಿಲ್ಲ. ಅವಳ ಚೀಲವನ್ನೂ ತಾನೇ ಎತ್ತಿಕೊಂಡ.

ಗಗನಾ ಕದಲಲಿಲ್ಲ. ಅತ್ತೆಯ ಸೆರಗಿನ ತುದಿ ಹಿಡಿದು ನಿಂತು, ಒನ್ ವೇ ಅಂದರೇನು, ಯಾಕೆ ವಾಪಸ್ ಬರುವುದಿಲ್ಲ ಎಂದು ಇಂಗ್ಲಿಷಿನಲ್ಲಿ ಕೇಳಿದಳು. ಮುಂದೆ ಹೋಗುತ್ತಿದ್ದ ಅಪ್ಪ ಅಮ್ಮ ತಿರುಗಿ ನೋಡಲಿಲ್ಲ.

ಅನ್ನಪೂರ್ಣವ್ವ ಹುಡುಗಿಯ ಬೆರಳುಗಳನ್ನು ಒಂದೊಂದಾಗಿ ಬಿಡಿಸಿದಳು.

“ನಿಮ್ಮಪ್ಪನ್ನ ಕೇಳವ್ವಾ” ಎಂದಳು. “ಅಂವಗ ಎರಡೂ ಭಾಷಾ ಬರತಾವ.”