ಹಾರಿದ್ದು ಗಂಗೆ

ಲಕ್ಕಿ ತನ್ನ ಅಕ್ಕ ಗಂಗೆಯ ಹೆಣಕ್ಕೆ ಎಣ್ಣೆ ಹಚ್ಚಿ ತಲೆ ಬಾಚುತ್ತಿದ್ದಳು. ಅಂಗಳದಲ್ಲಿ ಊರ ಹಿರಿಯ ದುರ್ಗಪ್ಪ ಜನರನ್ನು ಬದಿಗೆ ಸರಿಸುವುದು ಕೇಳಿಸಿತು. ಹೊನ್ನಾವರ ಪೇಟೆಯ ಶ್ರೀಕೃಷ್ಣ ಬಂದಿದ್ದ. ಸಿನೆಮಾದಲ್ಲಿ ಬಂಡೆಯಿಂದ ಶರಾವತಿಗೆ ಹಾರಿದವರು ಇವರೇ ಎಂದು ಯಾರೋ ಪಕ್ಕದವನಿಗೆ ಹೇಳಿದರು. ಲಕ್ಕಿಯ ಕೈ ಅಲ್ಲೇ ನಿಂತಿತು.

ಹಿಂದಿನ ದಿನ ಗಂಗೆ ಬಳಚು ಚಿಪ್ಪುಮೀನಿನ ಬುಟ್ಟಿ ಹೊತ್ತು ರಸ್ತೆ ದಾಟುವಾಗ ಲಾರಿ ಬಡಿದಿತ್ತು. ಡ್ರೈವರ್ ಹಾರ್ನ್ ಹಾಕಿದ್ದನಂತೆ, ತಪ್ಪು ಅವಳದೇ ಅಂತೆ. ಅವಳ ಎಡಕಿವಿ ಕೆಟ್ಟದ್ದು ಹೇಗೆಂದು ಬೆಳಗಿನಿಂದ ಒಬ್ಬರೂ ಕೇಳಿರಲಿಲ್ಲ.

*

ಐದು ವರ್ಷದ ಹಿಂದೆ, ಅರವತ್ತೆರಡನೆಯ ಇಸವಿಯಲ್ಲಿ, ಶ್ರೀಕೃಷ್ಣ ಮುಂಬಯಿಯಿಂದ ಸಣ್ಣ ಕ್ಯಾಮೆರಾ ತಂದಿದ್ದ. ಕಂಪನಿಯಿಲ್ಲ, ಮಾತಿಲ್ಲ, ಹಾಡಿಲ್ಲ. ಹನ್ನೆರಡು ನಿಮಿಷ ಬರೀ ಓಟ, ಹೊಡೆದಾಟ, ಕೊನೆಗೊಂದು ಜಿಗಿತ. ಇಂಥದ್ದನ್ನು ಈವರೆಗೆ ಯಾರೂ ಮಾಡಿಲ್ಲ ಎನ್ನುತ್ತಿದ್ದ. ನಾಯಕನೂ ಅವನೇ. ಬಂಡೆಯ ತುದಿಯಲ್ಲಿ ನಿಂತಾಗ ಮಾತ್ರ ಹಾರಲಾರದೆ ಹಿಂದೆ ಸರಿದ. ಕೆಳಗೆ ಬಳಚು ಆರಿಸುತ್ತಿದ್ದ ಗಂಗೆ ನಕ್ಕುಬಿಟ್ಟಳು. ಅವನ ಪ್ಯಾಂಟು, ಅಂಗಿ ತೊಟ್ಟು, ಕೂದಲನ್ನು ಟೊಪ್ಪಿಯೊಳಗೆ ತುರುಕಿ ಅವಳೇ ಹಾರಿದಳು. ಅದೇ ಜಿಗಿತ ನಾಲ್ಕು ಕಡೆಯಿಂದ ಬೇಕೆಂದ. ನಾಲ್ಕನೆಯ ಸಲ ನೀರಿನಿಂದ ಎದ್ದಾಗ ಕಿವಿಯಿಂದ ರಕ್ತ ಇಳಿಯುತ್ತಿತ್ತು.

ಕುಮಟೆಯಲ್ಲಿ ಬಿಳಿ ಪಂಚೆ ಕಟ್ಟಿ ಸಿನೆಮಾ ತೋರಿಸಿದಾಗ ಅಕ್ಕತಂಗಿಯರೂ ಹೋಗಿದ್ದರು. ಜಿಗಿತ ಬಂದದ್ದೇ ಜನ ಚಪ್ಪಾಳೆ ತಟ್ಟಿದರು. ಶ್ರೀಕೃಷ್ಣ ಎದ್ದು ಕೈಮುಗಿದ. ಪರದೆಯ ಮೇಲೆ ಗಂಗೆಯ ಹೆಸರು ಬರಲಿಲ್ಲ.

"ನೀರಿಗೆ ಬೀಳೂದು ನಾನೇ ಅಲ್ದನೆ ಲಕ್ಕೀ?" ಎಂದು ಗಂಗೆ ಕೇಳಿದ್ದಳು, ತನಗೇ ಸಂಶಯ ಬಂದವಳಂತೆ.

*

ಶ್ರೀಕೃಷ್ಣ ಹಾರ ಹಾಕಿ, ಚಟ್ಟಕ್ಕೆ ಹೆಗಲು ಕೊಡಲು ಮುಂದೆ ಬಂದ. ದುರ್ಗಪ್ಪ ತನ್ನ ಜಾಗ ಬಿಟ್ಟುಕೊಟ್ಟ. ಲಕ್ಕಿ ಅಡ್ಡ ನಿಂತಳು.

"ಮೊದ್ಲು ಹೇಳಿ ಒಡೆಯಾ. ಹೊಳಿಗೆ ಹಾರಿದ್ದು ಯಾರು?"

ಸಾವಿನ ಮನೆಯಲ್ಲಿ ಆ ಮಾತೆಲ್ಲ ಯಾಕೆ ಎಂದ ಅವನು.

"ಸತ್ತವ್ಳ ಮಾತೇ ಇದು. ನಿಮ್ಮ ಸಿನೆಮಾಕ್ಕೆ ಅವ್ಳ ಕಿವಿ ಹೋತು. ನಿನ್ನೆ ಹಾರ್ನ್ ಕೇಳ್ಲಿಲ್ಲ ಅಂತ್ರು ಇವ್ರೆಲ್ಲ. ಎಂತಕ್ಕೆ ಕೇಳ್ಲಿಲ್ಲ, ನೀವೇ ಹೇಳಿ."

ಅವನು ನೆಲ ನೋಡಿದ. ತಲೆ ಎತ್ತದೆಯೇ, "ಗಂಗೆ" ಎಂದ. ಹಿಂದಿದ್ದವರಿಗೆ ಕೇಳಿಸಲಿಲ್ಲ. ಲಕ್ಕಿ ಇನ್ನೊಮ್ಮೆ ಹೇಳಿಸಿದಳು.

ಅವನು ಮತ್ತೆ ಬಿದಿರಿಗೆ ಕೈಹಾಕಿದ. ಲಕ್ಕಿ ಆ ಕೈ ಸರಿಸಿ ತಾನೇ ಹೆಗಲು ಕೊಟ್ಟಳು. ಹೆಂಗಸರು ಮಸಣಕ್ಕೆ ಬರುವುದುಂಟೇ ಎಂದು ಯಾರೋ ಗೊಣಗಿದರು. ದುರ್ಗಪ್ಪ ಅವಳ ಪಕ್ಕದವನನ್ನು ಸರಿಸಿ ಆ ಬಿದಿರು ಹಿಡಿದ.

ಗಿಡ್ಡ ಹೆಂಗಸು ಲಕ್ಕಿ. ಚಟ್ಟ ಅವಳ ಕಡೆಗೆ ವಾಲಿತು. ಉಳಿದ ಮೂವರು ಗಂಡಸರೂ ಮೊಣಕಾಲು ಬಗ್ಗಿಸಿ, ಹೆಗಲನ್ನು ಅವಳ ಎತ್ತರಕ್ಕೆ ಇಳಿಸಿಕೊಂಡು, ಹೊಳೆದಂಡೆಯ ದಾರಿಯುದ್ದಕ್ಕೂ ಹಾಗೆಯೇ ನಡೆದರು.