ಸರಸಕ್ಕನ ನವಣೆ ಸಲಾಡ್

ಮಣಿಪಾಲದ ಇಳಿಜಾರಿನಲ್ಲಿ ಒಂದು ಹಂಚಿನ ಮನೆಯ ಮುಂಭಾಗದಲ್ಲಿ ಸರಸ ಮೆಸ್ಸು ನಡೆಸುತ್ತಿದ್ದಳು. ಆರು ಮೇಜು, ಒಂದು ಕೈತೊಳೆಯುವ ಬೇಸಿನ್, ದಿನದ ಅಡಿಗೆಯ ಹೆಸರು ಬರೆಯಲು ಒಂದು ಕರಿಹಲಗೆ. ಅವಳು ಕಾಪುವಿನವಳು. ಗಂಡ ಮಸ್ಕತ್ತಿನಲ್ಲಿದ್ದ, ಮಕ್ಕಳಿರಲಿಲ್ಲ. ಕಾಲೇಜಿನ ಮಕ್ಕಳೆಲ್ಲ ಅವಳನ್ನು ಸರಸಕ್ಕ ಎಂದೇ ಕರೆಯುತ್ತಿದ್ದರು. ಸಾರು, ಪಲ್ಯ, ಮೀನಿನ ಗಸಿ ಎಲ್ಲದರಲ್ಲೂ ಅವಳ ಕೈ ಪಳಗಿತ್ತು. ಆದರೆ ಅವಳನ್ನು ಉಡುಪಿಯ ಪೇಟೆಗೆಲ್ಲ ಪರಿಚಯಿಸಿದ್ದು ಇವು ಯಾವುವೂ ಅಲ್ಲ, ಒಂದು ಸಲಾಡ್. ಆ ಸಲಾಡು ಅವಳದ್ದಾಗಿರಲಿಲ್ಲ.

ಅದು ರಾಚವ್ವನದ್ದು. ಗಜೇಂದ್ರಗಡದ ಕಡೆಯ ಹಳ್ಳಿಯಿಂದ ಗಂಡ ಈಶಪ್ಪನ ಜೊತೆ ಬಂದು, ಕಟ್ಟಡ ಕೆಲಸದವರ ತಗಡಿನ ಶೆಡ್ಡಿನಲ್ಲಿ ಇದ್ದವಳು. ತೊಂಬತ್ತೆಂಟರಲ್ಲಿ ಪಾತ್ರೆ ತೊಳೆಯಲೆಂದು ಸರಸಳ ಮೆಸ್ಸಿಗೆ ಸೇರಿದಳು. ಮಾತು ಕಡಿಮೆ, ಕಣ್ಣು ಚುರುಕು. ಯಾರ ತಟ್ಟೆಯಲ್ಲಿ ಎಷ್ಟು ಅನ್ನ ಉಳಿಯಿತು ಎಂಬುದು ಮಾಡಿ ಬಡಿಸುವವಳಿಗಿಂತ ತಟ್ಟೆ ತೊಳೆಯುವವಳಿಗೇ ಹೆಚ್ಚು ಗೊತ್ತಿರುತ್ತದಲ್ಲ.

"ಅಕ್ಕಾರ, ಆ ಮಲೇಸಿಯಾದ ಹುಡುಗಿ ಮೂರು ದಿನ ಆತು, ಅನ್ನ ಮುಟ್ಟೇ ಇಲ್ರಿ. ಸೌತಿಕಾಯಿ ಅಷ್ಟ ತಿಂದು ಎದ್ದು ಹೋಗ್ತಾಳ," ಎಂದು ಎರಡು ಸಾವಿರದ ಒಂದರ ಆಗಸ್ಟಿನಲ್ಲಿ ಒಂದು ದಿನ ರಾಚವ್ವ ಹೇಳಿದಳು.

ಆ ಹುಡುಗಿ ನೂರ್, ಡಾಕ್ಟರಿಕೆ ಓದಲು ಬಂದವಳು. ಸರಸ ಕರೆದು ವಿಚಾರಿಸಿದಾಗ ಅರ್ಧ ಇಂಗ್ಲಿಷಿನಲ್ಲಿ, ಅರ್ಧ ಕೈಸನ್ನೆಯಲ್ಲಿ ಹೇಳಿದಳು: ಅವಳ ಅಜ್ಜಿ ತಣ್ಣಗಿನ ಅನ್ನಕ್ಕೆ ಹತ್ತಾರು ಬಗೆಯ ಹಸಿ ಎಲೆಗಳನ್ನು ದಾರದಂತೆ ಹೆಚ್ಚಿ ಹಾಕಿ, ಹುರಿದ ತೆಂಗಿನ ತುರಿ ಉದುರಿಸಿ, ಮೇಲೆ ಹುಳಿ ಹಿಂಡಿ ಕಲಸುತ್ತಿದ್ದಳಂತೆ. ಇಲ್ಲಿಯ ಬಿಸಿಬಿಸಿ ಸಾರು, ಗಸಿ ಅವಳ ಗಂಟಲಲ್ಲಿ ಇಳಿಯುತ್ತಿರಲಿಲ್ಲ.

"ಅದೆಂತ ದೊಡ್ಡ ವಿಷಯ," ಎಂದು ಸರಸ ಮರುದಿನವೇ ಕುಚ್ಚಲಕ್ಕಿ ಅನ್ನದಲ್ಲಿ ಮಾಡಿ ನೋಡಿದಳು. ಹುಳಿ ಹಿಂಡಿದೊಡನೆ ಅದು ಗಂಜಿಯಂತೆ ಮುದ್ದೆಯಾಯಿತು. ಬೆಳ್ತಿಗೆ ಅಕ್ಕಿಯಲ್ಲಿ ಮಾಡಿದರೆ ಚಿತ್ರಾನ್ನವಾಯಿತು. ನೂರ್ ಮರ್ಯಾದೆಗೆ ಎರಡು ತುತ್ತು ತಿಂದು ಥ್ಯಾಂಕ್ಯೂ ಅಂದಳು. ಸರಸ ಕೈಬಿಟ್ಟಳು.

ಕೈಬಿಡದವಳು ರಾಚವ್ವ. ಊರಿಗೆ ಹೋಗಿ ಬರುವಾಗ ಒಂದು ಚೀಲ ತಂದಳು. ಒಳಗೆ ಸಾಸಿವೆಗಿಂತ ಸ್ವಲ್ಪ ದೊಡ್ಡ, ಹಳದಿ ಬಣ್ಣದ ಕಾಳು.

"ಇದು ಲವ್ ಬರ್ಡ್ಸಿಗೆ ಹಾಕುವುದಲ್ವಾ ಮಾರಾಯ್ತಿ?" ಎಂದು ಸರಸ ನಕ್ಕಳು.

"ನವಣಿರಿ ಅಕ್ಕಾರ. ನಮ್ಮ ಕಡೆ ಬಾಣಂತಿಗೂ ಇದನ್ನ ಕೊಡ್ತೀವಿ. ಒಂದ್ಸಲ ನಾ ಮಾಡ್ಲೇನ್ರಿ?"

ಭಾನುವಾರ ಮಧ್ಯಾಹ್ನ ಮೆಸ್ಸಿಗೆ ರಜೆ. ಅಂದು ರಾಚವ್ವ ಒಲೆಯ ಮುಂದೆ ನಿಂತಳು, ಸರಸ ಮಣೆಯ ಮೇಲೆ ಕುಳಿತು ನೋಡಿದಳು. ನವಣೆಯನ್ನು ಘಮ್ಮೆನ್ನುವಷ್ಟೇ ಹುರಿದು, ಅಳತೆಯ ನೀರಿನಲ್ಲಿ ಬೇಯಿಸಿ, ಹಳೆಯ ಬಿಳಿ ಪಂಚೆಯ ಮೇಲೆ ಹರಡಿದಳು. ಹಿತ್ತಿಲಲ್ಲಿ ಕಂಚಿಹುಳಿಯ ಮರವಿತ್ತು. ಆ ದಪ್ಪ ಸಿಪ್ಪೆಯ ಕಾಯಿಯನ್ನು ಸರಸ ಉಪ್ಪಿನಕಾಯಿಗಲ್ಲದೆ ಬೇರೆ ಯಾವುದಕ್ಕೂ ಬಳಸಿದವಳಲ್ಲ. ರಾಚವ್ವ ಅದರ ರಸಕ್ಕೆ ಒಂದು ಕಿತ್ತಳೆಯ ರಸ ಬೆರೆಸಿ, ಬೆಲ್ಲ, ಉಪ್ಪು, ಜಜ್ಜಿದ ಎಳೆ ಶುಂಠಿ, ಸೂಜಿಮೆಣಸು, ಎರಡು ಚಮಚ ಎಳ್ಳೆಣ್ಣೆ ಹಾಕಿ ಕಡೆದಳು. ಕಾಳು ಇನ್ನೂ ಬಿಸಿಯಿರುವಾಗಲೇ ಅರ್ಧ ರಸ ಚಿಮುಕಿಸಿದಳು.

"ಬಿಸಿಗೇ ಹಾಕುವುದು ಯಾಕೆ?"

"ಬಿಸಿ ಇದ್ದಾಗ ಕುಡಿತೈತ್ರಿ. ಆರಿದ ಮ್ಯಾಲ ಹಾಕಿದ್ರ ಮ್ಯಾಲ ನಿಲ್ತೈತಿ."

ಆರಿದ ಮೇಲೆ ಉಳಿದ ರಸ, ಸಣ್ಣಗೆ ಹೆಚ್ಚಿದ ಸೌತೆ, ಎಳೆ ಮಾವಿನೆಲೆ ಚಿಗುರು, ಮಜ್ಜಿಗೆಹುಲ್ಲಿನ ಬುಡ, ಪುದೀನ, ಮತ್ತು ಬಾವಿಕಟ್ಟೆಯ ಸುತ್ತ ತಾನೇ ಹಬ್ಬಿದ್ದ ತಿಮರೆ, ಅಂದರೆ ಒಂದೆಲಗ. ಕೊನೆಗೆ ಹುರಿದ ತೆಂಗಿನ ತುರಿ, ಕುಟ್ಟಿದ ಶೇಂಗಾ, ಎಳ್ಳು. ಸೌಟು ಮುಟ್ಟಿಸದೆ, ಬೆರಳ ತುದಿಯಲ್ಲಿ ಕೆಳಗಿನಿಂದ ಎತ್ತಿ ಎತ್ತಿ ಬಿಟ್ಟು ಬೆರೆಸಿದಳು. ಒಂದು ಕಾಳು ಇನ್ನೊಂದಕ್ಕೆ ಅಂಟಲಿಲ್ಲ.

ಊಟಕ್ಕೆ ಕರೆಸಿದ್ದ ನೂರ್ ತಿಮರೆ ಎಲೆಯನ್ನು ತಟ್ಟೆಯಿಂದ ಎತ್ತಿ ಹಿಡಿದು, ತನ್ನ ಭಾಷೆಯಲ್ಲಿ ಅದರ ಹೆಸರು ಕೂಗಿದಳು. ಅವಳ ಊರಿನ ಗದ್ದೆಯ ಬದುವಿನಲ್ಲೂ ಅದೇ ಎಲೆಯಂತೆ. ಎರಡು ತಟ್ಟೆ ತಿಂದಳು, ಮತ್ತೊಂದಿಷ್ಟು ಡಬ್ಬಿಯಲ್ಲಿ ಹಾಸ್ಟೆಲಿಗೆ ಒಯ್ದಳು. ಮುಂದಿನ ಭಾನುವಾರ ಆರು ಜನರನ್ನು ಕರೆತಂದಳು. ವರ್ಷ ತುಂಬುವುದರೊಳಗೆ ಭಾನುವಾರದ ರಜೆ ಹೋಗಿ, ಭಾನುವಾರವೇ ಮೆಸ್ಸಿನ ದೊಡ್ಡ ದಿನವಾಯಿತು. ರಾಚವ್ವ ಕಲಸುತ್ತಿದ್ದಳು, ಸರಸ ಬಡಿಸುತ್ತಿದ್ದಳು. ತಿಂದವರು ಸರಸಕ್ಕನ ಸಲಾಡ್ ಅನ್ನುತ್ತಿದ್ದರು. ಮೆಸ್ಸು ಸರಸಕ್ಕನದ್ದು, ಹಾಗಾಗಿ ಹೆಸರೂ ಹಾಗೇ ಬಂತು, ಅದರಲ್ಲಿ ತಪ್ಪೇನೂ ಇರಲಿಲ್ಲ. ತಪ್ಪು ಆಮೇಲೆ ಆಯಿತು.

ಎರಡು ಸಾವಿರದ ಮೂರರ ಮೇ ತಿಂಗಳಲ್ಲಿ ಬನ್ನಂಜೆಯ ಒಂದು ಹೊಸ ಹೋಟೆಲಿನಿಂದ ಫೋನು ಬಂತು. ಮುಖ್ಯ ಬಾಣಸಿಗ ತಾರಾನಾಥ, ದುಬಾಯಿಯಿಂದ ಬಂದವನು. ಒಂದು ವಾರ ಪೂರ್ವದೇಶಗಳ ಊಟದ ಹಬ್ಬ ಮಾಡುವವರಿದ್ದರು. ಸಲಾಡಿನ ಸುದ್ದಿ ಕೇಳಿದ್ದ, ಮಾಡಿ ತಂದು ತೋರಿಸಿ ಎಂದ. ಸರಸ ಹಸಿರು ಪಟ್ಟೆ ಸೀರೆ ಉಟ್ಟು ಹೊರಟಳು. ಹಿಂದೆ ರಾಚವ್ವ, ಸೊಂಟದ ಮೇಲೆ ಬಟ್ಟೆ ಕಟ್ಟಿದ ಸ್ಟೀಲಿನ ಪಾತ್ರೆ.

ಹೋಟೆಲಿನ ಅಡಿಗೆಮನೆ ತಣ್ಣಗಿತ್ತು, ಎಲ್ಲೆಲ್ಲೂ ಹೊಳೆಯುವ ಕಟ್ಟೆಗಳು. ತಾರಾನಾಥ ಒಂದು ಚಮಚ ಬಾಯಿಗಿಟ್ಟ. ಇನ್ನೊಂದು ಚಮಚ ತಿಂದ. ಆಮೇಲೆ ತುಳುವಿನಲ್ಲಿ, ಇದನ್ನು ಯಾರು ಮಾಡಿದ್ದು ಎಂದು ಕೇಳಿದ.

ರಾಚವ್ವ ಬಾಗಿಲ ಬಳಿ ಬಟ್ಟೆಯನ್ನು ಮಡಚುತ್ತಾ ನಿಂತಿದ್ದಳು.

"ಯಾನೇ ಮಲ್ತಿನಿ," ಎಂದಳು ಸರಸ. ನಾನೇ ಮಾಡಿದ್ದು.

ಯೋಚಿಸಿ ಹೇಳಿದ ಮಾತಲ್ಲ ಅದು. ಸೂಟು ಹಾಕಿದ ಮ್ಯಾನೇಜರು ಪಕ್ಕದಲ್ಲಿದ್ದ, ಎಲ್ಲರೂ ತನ್ನ ಮುಖವನ್ನೇ ನೋಡುತ್ತಿದ್ದರು, ಮಾತು ತಾನಾಗಿ ಹೊರಬಿತ್ತು. ಬಿದ್ದ ಮೇಲೆ ಎತ್ತಿಕೊಳ್ಳಲು ಸಮಯವೂ ಇತ್ತು. ತಾರಾನಾಥ ಕಾಳಿನ ಹೆಸರು ಕೇಳಿದ, ರಸವನ್ನು ಎರಡು ಸಲ ಹಾಕುವ ಬಗೆ ಕೇಳಿದ. ರಾಚವ್ವ ಹೇಳಿದ್ದನ್ನೇ ಸರಸ ಒಂದು ಶಬ್ದವೂ ಬಿಡದೆ ಒಪ್ಪಿಸಿದಳು. ಮೆನು ಕಾರ್ಡಿನಲ್ಲಿ 'ಸರಸಾಸ್ ಮಿಲ್ಲೆಟ್ ಸಲಾಡ್' ಎಂದು ಅಚ್ಚಾಗುವುದೆಂದು ಅಲ್ಲೇ ನಿಶ್ಚಯವಾಯಿತು.

ವಾಪಸು ಬರುವಾಗ ಬಸ್ಸಿನಲ್ಲಿ ರಾಚವ್ವ ಖಾಲಿ ಪಾತ್ರೆಯನ್ನು ಮಡಿಲಲ್ಲಿಟ್ಟುಕೊಂಡು ಕಿಟಕಿಯ ಹೊರಗೆ ನೋಡುತ್ತಿದ್ದಳು. "ಅವರಿಗೆ ಭಾರಿ ಇಷ್ಟ ಆಯ್ತು ರಾಚವ್ವ," ಎಂದಳು ಸರಸ. "ಚಲೋ ಆತ್ರಿ," ಎಂದಳು ರಾಚವ್ವ. ಹೇಗೂ ಅವಳಿಗೆ ತುಳು ಬರುವುದಿಲ್ಲ ಎಂದು ಸರಸ ತನಗೆ ತಾನೇ ಹೇಳಿಕೊಂಡಳು. ನಾಳೆ ಬಿಡುವು ಮಾಡಿಕೊಂಡು ತಾರಾನಾಥನಿಗೆ ಫೋನು ಮಾಡಿ ಸರಿ ಮಾಡಿದರಾಯಿತು ಎಂದೂ ಅಂದುಕೊಂಡಳು. ಆ ನಾಳೆ ಜೂನಿಗೆ ಹೋಯಿತು, ಜುಲೈಗೆ ಹೋಯಿತು.

ನಾಗರಪಂಚಮಿ ಹತ್ತಿರ ಬಂದಾಗ ರಾಚವ್ವ, "ತವರಿಗೆ ಹೋಗಿ ಬರ್ತೀನ್ರಿ ಅಕ್ಕಾರ," ಎಂದಳು. ಸರಸ ಹೊಸ ಸೀರೆ ಕೊಟ್ಟಳು. ರಾಚವ್ವ ಕಣ್ಣಿಗೊತ್ತಿಕೊಂಡು ತೆಗೆದುಕೊಂಡಳು. ಅಡಿಗೆಮನೆಯನ್ನು ಎಂದಿಗಿಂತ ಚೊಕ್ಕಟವಾಗಿ ಒರೆಸಿ ಹೋದಳು. ಮತ್ತೆ ಬರಲಿಲ್ಲ. ತಿಂಗಳ ಮೇಲೆ ಸರಸ ಶೆಡ್ಡಿನ ಬಳಿ ಹೋಗಿ ನೋಡಿದರೆ ಕಟ್ಟಡ ಮುಗಿದು ಶೆಡ್ಡುಗಳನ್ನೇ ಕಿತ್ತಿದ್ದರು. ಅಲ್ಲಿಗೆ ಅವಳು ಹುಡುಕುವುದನ್ನು ಬಿಟ್ಟಳು. ಸಿಕ್ಕಿದ್ದರೆ ಏನು ಹೇಳಬೇಕಿತ್ತು ಎಂಬ ಹೆದರಿಕೆ ಒಳಗೆ ಇತ್ತು, ಹಾಗಾಗಿ ಸಿಗದಿದ್ದದ್ದೇ ನೆಮ್ಮದಿ ಎನಿಸಿತು.

ಸಲಾಡೇನೂ ಕೆಡಲಿಲ್ಲ. ಸರಸಳ ಕೈಗೂ ಅದು ಚೆನ್ನಾಗಿಯೇ ಬಂತು. ಹಬ್ಬದ ವಾರ ಮುಗಿದ ಮೇಲೂ ಹೋಟೆಲಿನವರು ಅದನ್ನು ಮೆನುವಿನಲ್ಲಿ ಉಳಿಸಿಕೊಂಡರು. ನವಣೆ ಹುಬ್ಬಳ್ಳಿಯ ಲಾರಿಯಲ್ಲಿ ಬರತೊಡಗಿತು. ಪತ್ರಿಕೆಯೊಂದರಲ್ಲಿ ಫೋಟೋ ಬಂತು. ಪ್ರತಿ ಸಲ ಕಲಸುವಾಗ ಎರಡು ಗಳಿಗೆ ಮನಸ್ಸು ಚುಚ್ಚುತ್ತಿತ್ತು. ಬಡಿಸುವ ಗಡಿಬಿಡಿಯಲ್ಲಿ ಮರೆಯುತ್ತಿತ್ತು.

ಎರಡು ಸಾವಿರದ ಆರರಲ್ಲಿ ಕಾಪುವಿನ ಮಹಿಳಾ ಮಂಡಲದವರು ಅಡಿಗೆ ತೋರಿಸಿಕೊಡಲು ಅವಳನ್ನು ಕರೆದರು. ಹುಟ್ಟಿದೂರು. ಎದುರಿನ ಸಾಲಿನಲ್ಲೇ ಅವಳ ತಾಯಿ ಅಪ್ಪಿ ಕುಳಿತಿದ್ದಳು. ಬಿಸಿ ನವಣೆಗೆ ರಸ ಚಿಮುಕಿಸುವಾಗ ಒಬ್ಬ ಹೆಂಗಸು ಎದ್ದು ಕೇಳಿದಳು: "ಇದೆಲ್ಲ ನಿಮಗೆ ಯಾರು ಕಲಿಸಿದ್ದು?"

"ನನ್ನ ಅಮ್ಮ," ಎಂದುಬಿಟ್ಟಳು ಸರಸ.

ಎಲ್ಲರೂ ಅಪ್ಪಿಯ ಕಡೆ ತಿರುಗಿದರು. ನವಣೆಯನ್ನು ಜನ್ಮದಲ್ಲಿ ಕಂಡಿರದ ಆ ಮುದುಕಿ ಒಂದು ಗಳಿಗೆ ಮಗಳ ಮುಖ ನೋಡಿದಳು. ಆಮೇಲೆ ಸೆರಗು ಸರಿಮಾಡಿಕೊಂಡು, ಹೌದೆನ್ನುವಂತೆ ತಲೆಯಾಡಿಸಿದಳು. ಚಪ್ಪಾಳೆ ಬಿತ್ತು. ಎಂದೂ ಸುಳ್ಳಾಡದ ತಾಯಿ ಮಗಳ ಮಾನ ಕಾಯಲು ತುಂಬಿದ ಸಭೆಯಲ್ಲಿ ಸುಳ್ಳಿಗೆ ತಲೆಯಾಡಿಸಿದ್ದು ಸರಸಳ ಎದೆಗೆ ಕೆಂಡ ಹಾಕಿದಂತಾಯಿತು. ಮನೆಗೆ ಬಂದ ಮೇಲೆ ಅಪ್ಪಿ ಒಂದೇ ಮಾತು ಕೇಳಿದಳು: "ಯಾರದ್ದು ಮಗಾ ಅದು?"

ಸರಸ ಎಲ್ಲವನ್ನೂ ಹೇಳಿದಳು.

"ಹೋಗಿ ಅವಳನ್ನು ಕಂಡು ಬಾ," ಎಂದಳು ಅಪ್ಪಿ.

ಉಡುಪಿಯ ಬಸ್‌ಸ್ಟ್ಯಾಂಡಿನ ಹತ್ತಿರ ಬೆಳಿಗ್ಗೆ ಬೆಳಿಗ್ಗೆ ಕೂಲಿಗೆಂದು ನಿಲ್ಲುವ ಘಟ್ಟದ ಮೇಲಿನವರನ್ನು ಸರಸ ನಾಲ್ಕು ದಿನ ಹೋಗಿ ವಿಚಾರಿಸಿದಳು. ಐದನೆಯ ದಿನ ಕರಿಬಸವ ಎಂಬ ಗಾರೆ ಕೆಲಸದವನು ಸಿಕ್ಕಿದ, ರಾಚವ್ವನ ಊರಿನವನೇ. "ಕಾರ್ಕಳದಾಗ ಅದಾರ್ರಿ. ಆಕಿ ಗೇರುಬೀಜದ ಫ್ಯಾಕ್ಟರಿಗೆ ಹೋಗ್ತಾಳ," ಎಂದ.

ಮರುದಿನ ಸರಸ ಸಲಾಡು ಕಲಸಿ ಡಬ್ಬಿಗೆ ತುಂಬಿ ಕಾರ್ಕಳದ ಬಸ್ಸು ಹತ್ತಿದಳು. ಮಧ್ಯಾಹ್ನದ ಊಟದ ಬಿಡುವಿನಲ್ಲಿ ಕಾರ್ಖಾನೆಯ ಗೇಟಿನ ಎದುರಿನ ಹಲಸಿನ ಮರದಡಿ ಹೆಂಗಸರು ಗುಂಪು ಗುಂಪಾಗಿ ಕುಳಿತಿದ್ದರು. ರಾಚವ್ವ ಸೊರಗಿದ್ದಳು. ಸರಸಳನ್ನು ನೋಡಿದೊಡನೆ ಎದ್ದು ನಿಂತಳು. "ಅಕ್ಕಾರ! ಇಲ್ಲಿತನ ಬಂದ್ರಿ?"

ಸರಸ ಡಬ್ಬಿಯ ಮುಚ್ಚಳ ತೆಗೆದಾಗ ಅವಳು ಕೈ ಚಾಚಲಿಲ್ಲ. ಬೀಜದ ಸಿಪ್ಪೆಯ ಎಣ್ಣೆ ತಾಗಿ ಬೆರಳುಗಳು ಕಪ್ಪಾಗಿ, ತುದಿಯಲ್ಲಿ ಚರ್ಮ ಸುಲಿದಿತ್ತು.

"ಹುಳಿ ಐತಲ್ರಿ, ಉರಿತೈತಿ," ಎಂದು ನಾಚಿದವಳಂತೆ ನಕ್ಕು, ಪಕ್ಕದವಳಿಂದ ಚಮಚ ಇಸಿದುಕೊಂಡು ತಿಂದಳು. "ಚಲೋ ಮಾಡೀರಿ. ಶುಂಠಿ ಒಂಚೂರು ಹೆಚ್ಚಾತು."

"ರಾಚವ್ವ, ಅವತ್ತು ಹೋಟೆಲಿನಲ್ಲಿ ನಾನು..."

"ಗೊತ್ತೈತ್ರಿ."

"ನಿನಗೆ ತುಳು..."

"ಐದು ವರ್ಷ ಆಗಿತ್ತಲ್ರಿ ನಿಮ್ಮ ಮನಿಗೆ ಬಂದು. ತಿಳಿಯೂದಿಲ್ಲೇನ್ರಿ?" ಅವಳ ದನಿಯಲ್ಲಿ ಸಿಟ್ಟಿರಲಿಲ್ಲ. "ಗಡಿಬಿಡ್ಯಾಗ ಅಂದಾರ, ನಾಳೆ ಹೇಳ್ತಾರ ಅಂದ್ಕೊಂಡೆ. ಪಂಚಮಿ ತನಕ ನೋಡಿದೆ."

ಒಂದು ಬೈಗುಳವಾದರೂ ಬಂದಿದ್ದರೆ ಸರಸ ತಡೆದುಕೊಳ್ಳಬಹುದಿತ್ತು. ಕೊನೆಗೆ, "ಮೆಸ್ಸಿಗೆ ಬಾ. ಈ ಕೆಲಸ ಬೇಡ ನಿನಗೆ. ಒಲೆ ನೀನೇ ನೋಡಿಕೋ," ಎಂದಳು.

"ಬ್ಯಾಡ್ರಿ ಅಕ್ಕಾರ. ಮಗಳು ಸವಿತಾ ಇಲ್ಲೇ ಸಾಲಿಗೆ ಹೋಗ್ತಾಳ. ಮತ್ತ..." ರಾಚವ್ವ ಚಮಚವನ್ನು ಎಲೆಯಿಂದ ಒರೆಸಿದಳು. "ಮತ್ತೊಮ್ಮೆ ಹಂಗ ನಿಂತು ನೋಡೂದು ನನ್ನ ಕೈಲಿ ಆಗೂದಿಲ್ರಿ."

ಕಾರ್ಖಾನೆಯ ಗಂಟೆ ಹೊಡೆಯಿತು. ಉಳಿದ ಸಲಾಡನ್ನು ಅವಳು ಜೊತೆಯವರಿಗೆ ಹಂಚಿ, ಡಬ್ಬಿಯನ್ನು ನಲ್ಲಿಯಲ್ಲಿ ತೊಳೆದು ಕೊಟ್ಟು ಒಳಗೆ ಹೋದಳು.

ಸರಸ ಕಾರ್ಕಳದಿಂದ ನೇರ ಬನ್ನಂಜೆಗೆ ಬಂದು ಹೋಟೆಲಿಗೆ ಹೋದಳು. ತಾರಾನಾಥ ಮತ್ತೆ ದುಬಾಯಿಗೆ ಹೋಗಿ ವರ್ಷವಾಗಿತ್ತು. ಹೊಸ ಮ್ಯಾನೇಜರು ಕುರ್ಚಿ ಕೊಟ್ಟು ಕೂರಿಸಿ ಕೇಳಿಸಿಕೊಂಡ.

"ಮೆನುವಿನಲ್ಲಿ ಹೆಸರು ಬದಲಿಸಬೇಕು, ಅದು ರಾಚವ್ವ ಎಂಬವಳದ್ದು," ಎಂದಳು ಸರಸ.

"ಆದರೆ ಆ ಐಟಮ್ಮೇ ಈಗ ಇಲ್ಲವಲ್ಲ ಮೇಡಂ. ಎರಡು ತಿಂಗಳಾಯ್ತು ತೆಗೆದು. ಈಗ ಎಲ್ಲರಿಗೂ ಪಾಸ್ತಾ ಬೇಕು. ಇಲ್ಲದ್ದಕ್ಕೆ ಹೆಸರು ಎಂತ ಬದಲಿಸುವುದು?" ಎಂದ ಅವನು ನಗುತ್ತಾ. ಜ್ಯೂಸು ತರಿಸಲೇ ಎಂದೂ ಕೇಳಿದ.

ಆ ಭಾನುವಾರ ಸರಸ ಕರಿಹಲಗೆಯ ಮೇಲೆ 'ರಾಚವ್ವನ ನವಣೆ ಸಲಾಡ್' ಎಂದು ಬರೆದಳು. ನೂರ್ ಮತ್ತು ಅವಳ ಗೆಳತಿಯರು ಓದು ಮುಗಿಸಿ ಊರಿಗೆ ಹೋಗಿಯಾಗಿತ್ತು. ಹೊಸ ಮಕ್ಕಳು ಬಂದರು, ತಿಂದರು, ಹೋದರು. ಕೈತೊಳೆಯಲು ಎದ್ದ ಒಬ್ಬ ಹುಡುಗಿ ಮಾತ್ರ ಹಲಗೆ ನೋಡಿ, "ರಾಚವ್ವ ಅಂದ್ರೆ ಯಾರು ಆಂಟಿ?" ಎಂದು ಕೇಳಿದಳು.

ಸರಸ ಕೈಯಲ್ಲಿದ್ದ ಸೌಟನ್ನು ಕೆಳಗಿಟ್ಟು, ಸೆರಗಿನಿಂದ ಮುಖ ಒರೆಸಿಕೊಂಡು, ಹೇಳಲೆಂದು ಅವಳ ಎದುರು ಬಂದು ಕುಳಿತಳು. ಆ ಹೊತ್ತಿಗೆ ಹುಡುಗಿಯ ಗೆಳತಿಯರು ಹೊರಗಿನಿಂದ ಕೂಗಿದರು. "ಬರ್ತೇನೆ ಆಂಟಿ, ಚೆನ್ನಾಗಿತ್ತು," ಎಂದು ಅವಳು ಚಪ್ಪಲಿ ಮೆಟ್ಟಿಕೊಂಡು ಓಡಿದಳು.